ಅಕ್ಕನಿಗಾಗಿ ಬರೆದ ನಕ್ಷೆ

ವ್ಯಾಜೊವ್ಕಾ, ತಂಬೋವ್ ಪ್ರಾಂತ್ಯ
ಏಪ್ರಿಲ್ 12, 1852

ತಮ್ಮ ನಿಕಾನೋರನಿಗೆ ಅಕ್ಕ ಉಸ್ತೀನ್ಯಾಳ ಆಶೀರ್ವಾದ.

ನಾನು ಹೇಳುತ್ತಿದ್ದೇನೆ, ಎಂದಿನಂತೆ ನಮ್ಮ ಚರ್ಚಿನ ಕಿರಿಪಾದ್ರಿ ಯೆವ್ಲಾಂಪಿ ಬರೆದುಕೊಳ್ಳುತ್ತಿದ್ದಾರೆ. ಅವರ ಕಣ್ಣು ಮಂಜಾಗಿದೆ. ಸಾಲು ಸೊಟ್ಟಗಾದರೆ ನನ್ನನ್ನು ಬೈಯಬೇಡ.

ಉಪವಾಸದ ದಿನಗಳಿಗೆ ಮುಂಚೆಯೇ ದುನ್ಯಾಳ ಮದುವೆ ಆಯಿತು. ನೀನು ಬರಲಿಲ್ಲ. ಹುಡುಗ ನಿನಗೆ ಗೊತ್ತಿರುವವನೇ, ಎದುರುಮನೆಯ ತೀಖೋನ್. ಚಿಕ್ಕವನಿದ್ದಾಗ ನಮ್ಮ ಬಾತುಗಳಿಗೆ ಕಲ್ಲು ಹೊಡೆಯುತ್ತಿದ್ದನಲ್ಲ, ಅವನೇ. ನಾವು ಮೇಜರನ ಜೀತದವರು, ಅವರು ವಿಧವೆ ದೊರೆಸಾನಿಯ ಜೀತದವರು. ಇಬ್ಬರು ಧಣಿಗಳ ಒಪ್ಪಿಗೆಗಾಗಿ ನಿನ್ನ ಭಾವ ಜಖಾರ್ ಟೊಪ್ಪಿ ಕೈಯಲ್ಲಿ ಹಿಡಿದು ಎರಡೂ ಅಂಗಳಗಳಲ್ಲಿ ನಿಂತು ನಿಂತು ಸೋತ. ಕೊನೆಗೆ ಆದದ್ದೇನು? ಮಗಳು ಬೀದಿ ದಾಟಿದಳು, ಅಷ್ಟೆ. ಒಲೆಯ ಮುಂದೆ ಕೂತು ಕೂಗಿದರೂ ಅವಳಿಗೆ ಕೇಳುತ್ತದೆ. “ಅಮ್ಮಾ, ಹಂಗೆ ಅರಚಬೇಡ, ನಮ್ಮತ್ತೆ ನಗ್ತಾಳೆ” ಅನ್ನುತ್ತಾಳೆ. ನಗಲಿ ಬಿಡು.

ಊರಿಗೆ ಮೋಜಣಿಯವರು ಬರುತ್ತಾರಂತೆ. ಇಲ್ಲಿನ ಗೋಜಲು ನಿನಗೆ ಗೊತ್ತೇ ಇದೆ. ಒಂದು ಮನೆ ಮೇಜರನದು, ಪಕ್ಕದ್ದು ದೊರೆಸಾನಿಯದು, ಹೊಲಗಳೂ ಹಾಗೇ ಪಟ್ಟಿ ಪಟ್ಟಿ. ಹಸು ಒಂದು ಹೆಜ್ಜೆ ಆಚೆ ಇಟ್ಟರೂ ಜಗಳ. ಈಗ ಎಲ್ಲ ನೇರ ಮಾಡುತ್ತಾರಂತೆ. ನೀನೇ ಬಂದರೆ ಎಷ್ಟು ಚೆನ್ನ! ಮೇಜರನ ತಂದೆ ನಿನಗೆ ಬಿಡುಗಡೆ ಕೊಟ್ಟು, ನಕ್ಷೆ ಬರೆಯುವುದನ್ನು ಕಲಿಸಿದ್ದು ಸಾರ್ಥಕವಾಗುತ್ತದೆ. ನಿನಗೆ ಇಷ್ಟವಾದ ಎಲೆಕೋಸಿನ ಕಡುಬು ಮಾಡುತ್ತೇನೆ.

ನಿನ್ನ ಅಕ್ಕ,
ಉಸ್ತೀನ್ಯಾ

ನಿಕಾನೋರ ಮಗಾ, ಇದು ಯೆವ್ಲಾಂಪಿಯ ಮಾತು. ಹಿಂದಿನ ಮೋಜಣಿ ಆದಾಗ ನಾನಿನ್ನೂ ಹುಡುಗ. ಗಡಿಗುಂಡಿ ಎಲ್ಲಿದೆ ಎಂಬುದು ಸಾಯುವತನಕ ನೆನಪಿರಲಿ ಎಂದು ಗುಂಡಿಯ ಪಕ್ಕದಲ್ಲೇ ನನ್ನನ್ನು ಮಲಗಿಸಿ ಬಾರಿಸಿದರು. ನೆನಪಿದೆ. ಬೇಕಾದರೆ ಬಂದು ತೋರಿಸುತ್ತೇನೆ, ಗುಂಡಿಯನ್ನು.


ತಂಬೋವ್
ಮೇ 20, 1852

ಅಕ್ಕಾ,

ನಿನ್ನ ಬಾಯಿಯ ಮಾತು ದೇವರಿಗೆ ಕೇಳಿಸಿತು. ವ್ಯಾಜೊವ್ಕಾದ ಮೋಜಣಿ ನನ್ನ ಪಾಲಿಗೇ ಬಂದಿದೆ. ಹುಲ್ಲು ಕೊಯ್ಲಿನ ಹೊತ್ತಿಗೆ ಬರುತ್ತೇನೆ.

ನಮ್ಮ ಕಚೇರಿಯಲ್ಲಿ ಹಳೆಯ ನಕ್ಷೆಗಳ ದೊಡ್ಡ ಕೋಣೆಯಿದೆ. ನಿನ್ನೆ ನಮ್ಮೂರಿನದನ್ನು ಹುಡುಕಿ ತೆಗೆದೆ. ವೊರೋನಾ ಹೊಳೆ ಬಾಗಿ ಹರಿಯುವುದು, ಚರ್ಚು, ಅದರ ಕೆಳಗೆ ಬೀದಿಯ ಎರಡು ಸಾಲು ಮನೆಗಳು. ಯಾರು ಯಾರ ಜನ ಎಂದು ಅದರಲ್ಲಿ ಬರೆದಿಲ್ಲ. ಎಲ್ಲ ಮನೆಗೂ ಒಂದೇ ಬಣ್ಣ. ನಮ್ಮ ಮನೆಯ ಮೇಲೆ ಬೆರಳಿಟ್ಟು ಬಹಳ ಹೊತ್ತು ಕೂತಿದ್ದೆ. ಕಚೇರಿಯ ಗುಮಾಸ್ತ ಬಂದು, “ಏನ್ರೀ, ನಕ್ಷೆಗೆ ಜ್ವರ ಬಂದಿದೆಯಾ, ನಾಡಿ ನೋಡ್ತಿದ್ದೀರಾ?” ಎಂದ.

ಕೆಲಸ ಇಷ್ಟೇ: ಒಬ್ಬೊಬ್ಬ ಧಣಿಯ ಭೂಮಿಯನ್ನೂ ಒಂದೇ ಕಡೆ ಒಟ್ಟುಮಾಡಬೇಕು. ಬಹುಶಃ ಹೊಲಗಳು ಅದಲುಬದಲಾಗುತ್ತವೆ. ಕೆಲವು ಮನೆಗಳನ್ನು ಬೀದಿಯ ಈ ತುದಿಯಿಂದ ಆ ತುದಿಗೆ ಸಾಗಿಸಬೇಕಾಗಬಹುದು. ನೀನು ಚರ್ಚಿನ ಹತ್ತಿರವೇ ಇರುವಂತೆ ನೋಡಿಕೊಳ್ಳುತ್ತೇನೆ. ಕಡುಬಿಗೆ ಅಣಬೆಯನ್ನೂ ಹಾಕು.

ನಿಕಾನೋರ್


ಕಿರ್ಸಾನೋವ್ ಪೇಟೆ
ಅಕ್ಟೋಬರ್ 9, 1852

ಅಕ್ಕಾ,

ಈ ಕಾಗದವನ್ನು ಕಿರಿಪಾದ್ರಿಗಳು ನಿನ್ನೊಬ್ಬಳಿಗೇ ಓದಿ ಹೇಳಲಿ. ದುನ್ಯಾ ಹತ್ತಿರದಲ್ಲಿದ್ದರೆ ನಾಳೆ ಓದಿಸಿಕೋ.

ಬೇಸಿಗೆಯೆಲ್ಲ ನಿನ್ನ ಮನೆಯಲ್ಲಿ ಉಂಡು, ಅಳತೆಯ ಸರಪಳಿ ಎಳೆದು, ಬಾಂದುಕಲ್ಲು ನೆಡಿಸಿದೆ. ಊರನ್ನು ಹೊಳೆಯ ಕಡೆ, ಕಾಡಿನ ಕಡೆ ಎಂದು ಎರಡು ಪಾಲು ಮಾಡಿದ್ದೆ. ಚರ್ಚೂ ಗೋರಿಗಳೂ ಇಬ್ಬರಿಗೂ ಸೇರುವಂತೆ ಬಿಟ್ಟಿದ್ದೆ. ಆ ನಕ್ಷೆಯನ್ನು ನಿನ್ನೆ ಇಬ್ಬರು ಧಣಿಗಳ ಮುಂದೆ ಹರಡಿದೆ. ಅವರು ಅದನ್ನು ಸರಿಯಾಗಿ ನೋಡಲೂ ಇಲ್ಲ. ಇಬ್ಬರ ನಡುವೆ ಮೊದಲೇ ಬೇರೆ ಮಾತಾಗಿತ್ತು. ವ್ಯಾಜೊವ್ಕಾ ಇಡಿಯಾಗಿ ದೊರೆಸಾನಿಗೆ. ಬದಲಿಗೆ ವೋಲ್ಗಾ ನದಿಯ ಆಚೆ, ಬುಜುಲೂಕ್ ಕಡೆಯ ಹುಲ್ಲುಬಯಲಿನಲ್ಲಿ ಆಕೆಗಿರುವ ಖಾಲಿ ಭೂಮಿಯೆಲ್ಲ ಮೇಜರನಿಗೆ. ಇಲ್ಲಿರುವುದರ ಮೂರರಷ್ಟು.

ಅಲ್ಲಿ ಉಳಲು ಜನ ಬೇಕಲ್ಲ. ಮೇಜರನ ಜನರೆಲ್ಲ ವಸಂತದಲ್ಲಿ ಹೊರಡಬೇಕು. ನೀನು, ಭಾವ, ಎಲ್ಲರೂ. ದುನ್ಯಾ ಮದುವೆಯಾದ ಮೇಲೆ ದೊರೆಸಾನಿಯ ಕಡೆಗೆ ಸೇರಿದವಳು. ಅವಳು ಇಲ್ಲಿಯೇ.

ನಾನು ಸುಮ್ಮನಿರಲಿಲ್ಲ. ಮೇಜರನನ್ನು ಬೇಡಿಕೊಂಡೆ. ಜಖಾರನ ಒಂದು ಮನೆ ಬಿಟ್ಟುಹೋಗಿ, ನಿಮ್ಮ ತಂದೆಯವರು ನನಗೆ ಬಿಡುಗಡೆ ಕೊಟ್ಟಂಥ ಪುಣ್ಯಾತ್ಮರು ಎಂದೆ.

“ಅಪ್ಪ ಧಾರಾಳಿ ಕಣಯ್ಯಾ. ಅದಕ್ಕೇ ಮಗ ಹುಲ್ಲುಬಯಲಿಗೆ ಹೋಗ್ತಿರೋದು” ಎಂದ. “ಜಖಾರ್ ಚಕ್ರ ಮಾಡೋನು. ಅವನನ್ನ ಬಿಟ್ಟು ಹೋಗು ಅಂತೀಯಲ್ಲ, ಗಾಡಿ ತಗೊಂಡು ಚಕ್ರ ಬಿಟ್ಟು ಹೋಗು ಅಂದಂಗಾಯ್ತು!” ತನ್ನ ಮಾತಿಗೆ ತಾನೇ ನಕ್ಕ.

ಹಾಗಾದರೆ ದುನ್ಯಾಳನ್ನೂ ತೀಖೋನನನ್ನೂ ಮೇಜರನಿಗೆ ಕೊಟ್ಟುಬಿಡಿ, ಒಟ್ಟಿಗೆ ಹೋಗಲಿ ಎಂದು ದೊರೆಸಾನಿಯ ಹತ್ತಿರ ಹೋದೆ. ಆಕೆ ಕೂರಿಸಿ ಚಹಾ ಕೊಟ್ಟಳು, ತನ್ನ ಕೈಯಾರೆ ಚೆರ್ರಿ ಮುರಬ್ಬ ಬಡಿಸಿದಳು. “ಪಾಪ, ನಿನ್ನ ಮನಸ್ಸು ಮೃದು” ಎಂದಳು. “ಆದರೆ ತೀಖೋನ್ ನನ್ನ ಒಳ್ಳೇ ಉಳುವವನು, ಅವನ ಹೆಂಡತಿ ಬಸುರಿ. ಎರಡು ಜೀವ ಅಲ್ಲ, ಮೂರು ಕೊಡು ಅಂತಿದ್ದೀಯ. ತಾಯಂದಿರು ಅಳ್ತಾರಪ್ಪ. ಮಳೆ ಹಂಗೆ. ನಿಲ್ಲುತ್ತೆ.”

ಮುರಬ್ಬ ತಿಂದು ಎದ್ದು ಬಂದೆ. ದುನ್ಯಾ ಬಸುರಿ ಎಂಬುದು ನನಗೆ ಆಕೆಯ ಬಾಯಿಂದ ತಿಳಿಯಿತು.

ನಿಕಾನೋರ್


ವ್ಯಾಜೊವ್ಕಾ
ನವೆಂಬರ್ 16, 1852

ತಮ್ಮಾ,

ನಿನ್ನ ಕಾಗದ ಬಂದು ಬಹಳ ದಿನವಾಯಿತು. ಹೇಳಲು ಕೂತರೆ ಮಾತು ಬರುತ್ತಿರಲಿಲ್ಲ. ಕಿರಿಪಾದ್ರಿಗಳು ಲೇಖನಿ ಹಿಡಿದು ಕೂತು, ತೂಕಡಿಸಿ, ಎದ್ದುಹೋಗುತ್ತಿದ್ದರು.

ನಿನ್ನ ಮೇಲೆ ನನಗೆ ಸಿಟ್ಟಿಲ್ಲ. ಹಳ್ಳಿಯವರಿಗೆ ಇದೆ. “ನಿನ್ನ ತಮ್ಮ ಸರಪಳಿ ತಂದಾಗ ನೆಲ ಅಳೆಯೋಕೆ ಅಂದ್ಕೊಂಡ್ವಿ, ನಮ್ಮನ್ನ ಕಟ್ಟೋಕಾ?” ಎಂದು ಬಾವಿಯ ಹತ್ತಿರ ಒಬ್ಬಳು ಕೇಳಿದಳು. ನಾನು ಕೊಡ ಇಳಿಸಿ ಅವಳ ಜುಟ್ಟಿಗೇ ಕೈಹಾಕಿದೆ. ಆಮೇಲೆ ಇಬ್ಬರೂ ಅಲ್ಲೇ ಕೂತು ಅತ್ತೆವು. ಅವಳೂ ಹೊರಡುವವಳೇ.

ದುನ್ಯಾಳಿಗೆ ನಾನೇ ಹೇಳಿದೆ. ಹಿಟ್ಟು ನಾದುತ್ತಿದ್ದಳು. ಕೈ ನಿಲ್ಲಿಸಲಿಲ್ಲ. “ಎಷ್ಟು ದೂರ?” ಎಂದಳು. ಗೊತ್ತಿಲ್ಲ ಎಂದೆ. “ಯಾವ ದಿಕ್ಕು?” ಸೂರ್ಯ ಹುಟ್ಟುವ ಕಡೆ ಎಂದೆ. ಅಂದಿನಿಂದ ಅವಳು ನೀರು ಚೆಲ್ಲುವುದಕ್ಕೂ ಆ ಕಡೆಯ ಬಾಗಿಲು ತೆಗೆಯುವುದಿಲ್ಲ. ಹೆರಿಗೆ ಮೇ ತಿಂಗಳಿನಲ್ಲಿ. ನಾವು ಮೇ ತಿಂಗಳಿನಲ್ಲೇ ಹೊರಡುವುದು. ಹತ್ತು ದಿನ ತಡಮಾಡಿ ಎಂದು ಮೇಜರನ ಕಾರಭಾರಿಯ ಕಾಲು ಹಿಡಿದೆ. “ಮೊದಲು ನೇಗಿಲು ಹೂಡಬೇಕು, ನಿನ್ನ ಮಗಳ ಹೊಟ್ಟೆ ನೋಡ್ಕೊಂಡು ಕೂತ್ರೆ ಬಿತ್ತೋದು ಯಾವಾಗ?” ಎಂದ.

ನನಗೆ ಒಂದು ಉಪಕಾರ ಮಾಡು. ನೀನು ಇಡೀ ಪ್ರಾಂತ್ಯವನ್ನು ಕಾಗದದ ಮೇಲೆ ಬರೆಯುವವನು. ನಾವು ಹೋಗುವ ಜಾಗ ಎಲ್ಲಿದೆ, ದಾರಿಯಲ್ಲಿ ಏನೇನಿದೆ, ಬರೆದು ಕೊಡು. ಓದಲು ಬಾರದವಳು ಅದನ್ನು ಇಟ್ಟುಕೊಂಡು ಏನು ಮಾಡುತ್ತಾಳೆ ಎನ್ನಬೇಡ. ಚಿತ್ರ ನೋಡಬಲ್ಲೆ. ಕಣ್ಣುಕಟ್ಟಿಸಿಕೊಂಡು ಹೋಗಲಾರೆ.

ಉಸ್ತೀನ್ಯಾ


ತಂಬೋವ್
ಫೆಬ್ರವರಿ 23, 1853

ಅಕ್ಕಾ,

ನೀನು ಕೇಳಿದ ನಕ್ಷೆಯನ್ನು ಒಂದು ಉದ್ದನೆಯ ಪಟ್ಟಿಯಾಗಿ ಬರೆದು ಇದರೊಂದಿಗೆ ಕಳಿಸುತ್ತಿದ್ದೇನೆ. ಹಾದಿಯಲ್ಲಿ ಹರಿಯಬಾರದೆಂದು ಹಿಂದೆ ನಾರುಬಟ್ಟೆ ಅಂಟಿಸಿದ್ದೇನೆ. ಸುರುಳಿ ಸುತ್ತಿದರೆ ರವಿಕೆಯೊಳಗೆ ಇಟ್ಟುಕೊಳ್ಳಬಹುದು.

ನೋಡುವ ಬಗೆ ಹೀಗೆ. ಒಂದು ತುದಿಯಲ್ಲಿರುವ ಚರ್ಚು ನಮ್ಮದು. ಕೆಂಪು ಗೆರೆ ನೀವು ಹೋಗುವ ದಾರಿ. ಪ್ರತಿ ದೊಡ್ಡ ಊರಿಗೂ ಅಲ್ಲಿಯ ಚರ್ಚನ್ನೇ ಬರೆದಿದ್ದೇನೆ, ಗೋಪುರ ಎಷ್ಟು, ಯಾವ ಬಣ್ಣ ಎಲ್ಲ ಇದ್ದ ಹಾಗೇ. ಕಣ್ಣಿಗೆ ಬಿದ್ದ ಕೂಡಲೇ ಗುರುತು ಸಿಗುತ್ತದೆ. ನೀಲಿ ನೀರು. ದುಂಡು ಗುರುತು ಸಿಹಿನೀರಿನ ಬಾವಿ, ದುಂಡಿಗೆ ಅಡ್ಡಗೆರೆ ಇದ್ದರೆ ಉಪ್ಪುನೀರು, ಕುದುರೆಗೂ ಕುಡಿಸಬೇಡಿ. ಬೆರಳಗಲದ ನೀಲಿ ವೋಲ್ಗಾ. ಸರಟೋವ್ ಪಟ್ಟಣದಲ್ಲಿ ದೋಣಿ ಇದೆ. ನದಿಯ ಆಚೆಯದು ನಮ್ಮ ಕಚೇರಿಯ ನಕ್ಷೆಗಳಲ್ಲಿ ಇಲ್ಲ. ಕುರಿ ಹೊಡೆದುಕೊಂಡು ಬರುವ ಒಬ್ಬ ಮುದುಕನನ್ನು ಹಿಡಿದು, ಚಹಾ ಕುಡಿಸಿ ಕುಡಿಸಿ ಕೇಳಿ ಬರೆದೆ. ಅವನ ಪ್ರಕಾರ ಅಲ್ಲಿ ಆಕಾಶ ಬಿಟ್ಟರೆ ಏನೂ ಇಲ್ಲ. ಹಾಗಾಗಿ ಕೊನೆಯ ಮೊಳದಷ್ಟು ಬರೀ ಹಳದಿ.

ನಾನು ಬರೆದ ಯಾವ ನಕ್ಷೆಗೂ ಇಷ್ಟು ದಿನ ಹಿಡಿದಿರಲಿಲ್ಲ. ವ್ಯಾಜೊವ್ಕಾದ ಕಚೇರಿ ನಕ್ಷೆಯೂ ಈಗ ಮುಗಿಯಿತು. ಅದರಲ್ಲಿ ಬೀದಿಯ ಮನೆಗಳು ಅರ್ಧ ಮಾತ್ರ ಇವೆ. ಇರುವುದನ್ನಲ್ಲ, ಇರಬೇಕಾದ್ದನ್ನು ಬರೆ ಎಂದು ಮೇಲಿನವರ ಅಪ್ಪಣೆ.

ಇನ್ನೊಂದು ಮಾತು. ನಕ್ಷೆಗೆ ಹಿಂದು ಮುಂದು ಅಂತಿಲ್ಲ. ಯಾವ ತುದಿಯಿಂದ ಬೇಕಾದರೂ ನೋಡಬಹುದು. ಸುಮ್ಮನೆ ಹೇಳಿದೆ.

ನಿಕಾನೋರ್


ವ್ಯಾಜೊವ್ಕಾ
ಮೇ 19, 1853

ನಿಕಾನೋರ ಮಗಾ,

ಇಂದು ಯಾರೂ ಹೇಳಿ ಬರೆಸುತ್ತಿಲ್ಲ. ಯೆವ್ಲಾಂಪಿ ತಾನೇ ಬರೆಯುತ್ತಿದ್ದೇನೆ.

ಅವರು ಹೋದ ಸೋಮವಾರ ಹೊರಟರು. ನೀನು ಬರಲು ರಜೆ ಸಿಗಲಿಲ್ಲವೆಂದು ಅಕ್ಕನಿಗೆ ಹೇಳಿದೆ. ನಂಬಿದಳೋ ಇಲ್ಲವೋ. ಹೊರಡುವ ಮುಂಚೆ ಆಕೆ ಮನೆಯ ನೆಲ ಗುಡಿಸಿದಳು, ಒಲೆಗೆ ಸುಣ್ಣ ಬಳಿದಳು. “ಉಸ್ತೀನ್ಯಾ, ನಾಳೆ ಇದನ್ನ ಕಿತ್ತು ದೊರೆಸಾನಿಯ ಕೊಟ್ಟಿಗೆ ಕಟ್ತಾರಮ್ಮ” ಎಂದೆ. “ಹಸುಗಳಾದ್ರೂ ಶುದ್ಧವಾಗಿರಲಿ” ಎಂದಳು.

ದುನ್ಯಾ ಬೇಲಿ ಹಿಡಿದು ನಿಂತಿದ್ದಳು. ದಿನ ತುಂಬಿದ ಹೊಟ್ಟೆ. ತಾಯಿಯೂ ಮಗಳೂ ಅಳುತ್ತಾರೆ, ಯಾರು ಹಿಡಿದುಕೊಳ್ಳಬೇಕು ಎಂದು ನಾವೆಲ್ಲ ಗಾಬರಿಯಲ್ಲಿದ್ದೆವು. ಇಬ್ಬರೂ ಅಳಲಿಲ್ಲ. ಬಂಡಿಗಳು ಅಲುಗಿದಾಗ ದುನ್ಯಾ, ಪಕ್ಕದ ಊರಿಗೆ ಹೊರಟವರನ್ನು ಕೇಳುವ ಹಾಗೆ ಕೇಳಿದಳು: “ಅಮ್ಮಾ, ಹೆರಿಗೆಗೆ ಬರ್ತೀಯಲ್ಲ?”

“ಬರ್ದೆ ಇರ್ತೀನಾ?” ಎಂದಳು ನಿನ್ನ ಅಕ್ಕ.

ಜಖಾರ್ ಕುದುರೆಯ ಆ ಮಗ್ಗುಲಿಗೆ ಹೋಗಿ ನಿಂತ. ಆಮೇಲೆ ಬಂಡಿಗಳು ಸೇತುವೆ ದಾಟಿದವು.

ನಿನ್ನೆ ದುನ್ಯಾಳಿಗೆ ಹೆಣ್ಣು ಹುಟ್ಟಿತು. ಬಹಳ ಕಷ್ಟವಾಯಿತು, ಆದರೆ ಇಬ್ಬರೂ ಉಳಿದರು. ಪೆಲಗೇಯಾ ಎಂದು ಹೆಸರಿಟ್ಟೆವು. ಬಂಡಿಗಳು ಇನ್ನೂ ವೋಲ್ಗಾ ಮುಟ್ಟಿರಲಾರವು. ಮೇಜರನ ಕಾರಭಾರಿಯ ವಿಳಾಸಕ್ಕೆ ಸುದ್ದಿ ಬರೆದು ಕಳಿಸಿದ್ದೇನೆ. ತಲುಪಿಸುತ್ತಾನೋ ದೇವರೇ ಬಲ್ಲ.

ಯೆವ್ಲಾಂಪಿ


ಮೇಜರನ ಹೊಸ ಊರು, ಬುಜುಲೂಕ್ ಸೀಮೆ
ಆಗಸ್ಟ್ 15, 1853

ತಮ್ಮಾ,

ಇದನ್ನು ಬರೆಯುತ್ತಿರುವವನು ಕಾಲಿಲ್ಲದ ಒಬ್ಬ ಹಳೆ ಸಿಪಾಯಿ, ಬಂಡಿಯಲ್ಲಿ ಊರೂರು ಸುತ್ತಿ ಸೂಜಿ ಮಾರುತ್ತಾನೆ. ಅವನಿಗೆ ಅವಸರ, ಬೇಗ ಹೇಳುತ್ತೇನೆ.

ತಲುಪಿದೆವು. ಊರಿಗೆ ಇನ್ನೂ ಹೆಸರಿಲ್ಲ. ನೆಲ ತೋಡಿ, ಮೇಲೆ ಹುಲ್ಲುಹೆಂಟೆ ಮುಚ್ಚಿ ವಾಸವಾಗಿದ್ದೇವೆ. ಮರವಿಲ್ಲ. ಒಲೆಗೆ ಬೆರಣಿ. ಚಕ್ರ ಮಾಡುವವನನ್ನು ಮರವಿಲ್ಲದ ಕಡೆಗೆ ಕರೆತಂದರು, ಭಾವ ಈಗ ಗುದ್ದಲಿ ಹಿಡಿಯುತ್ತಾನೆ.

ನೀನು ಬರೆದದ್ದೆಲ್ಲ ಸರಿಯಾಗಿತ್ತು. ಬಾವಿ ಎಂದಲ್ಲಿ ಬಾವಿ, ಉಪ್ಪು ಎಂದಲ್ಲಿ ಉಪ್ಪು. ಒಂದು ಕಡೆ ಮಾತ್ರ ನೀನು ಗೋಪುರಕ್ಕೆ ಹಸಿರು ಹಾಕಿದ್ದೆ, ಈಗ ನೀಲಿ ಬಳಿದಿದ್ದಾರೆ. ನಾನು ಇದ್ದಿಲಿನಿಂದ ಗುರುತು ಮಾಡಿಕೊಂಡೆ. ಹಳದಿಯಲ್ಲಿಯೂ ಒಂದೆರಡು ಕಡೆ ಮಾಡಿಕೊಂಡಿದ್ದೇನೆ.

ದುನ್ಯಾಳಿಗೆ ಏನಾಯಿತು? ಯಾರೂ ಹೇಳುವುದಿಲ್ಲ. ಕಾರಭಾರಿಯನ್ನು ಕೇಳಿದರೆ ಕಾಗದವೇ ಬಂದಿಲ್ಲ ಎನ್ನುತ್ತಾನೆ. ನಿನಗೆ ಗೊತ್ತಿದ್ದರೆ ಒಂದೇ ಮಾತು ಬರೆ. ಬದುಕಿದ್ದಾಳೆಯೇ?

ಉಸ್ತೀನ್ಯಾ


ಮೊರ್ಶಾನ್ಸ್ಕ್ ಪೇಟೆ
ಫೆಬ್ರವರಿ 4, 1854

ದುನ್ಯಾ,

ಕಿರಿಪಾದ್ರಿಗಳು ಇದನ್ನು ಓದಿ ಹೇಳುವಾಗ ಮಗುವನ್ನು ಯಾರ ಕೈಗಾದರೂ ಕೊಟ್ಟಿರು.

ನಿನಗೆ ಹೆರಿಗೆಯಾಯಿತು, ಹೆಣ್ಣು, ಇಬ್ಬರೂ ಕ್ಷೇಮ ಎಂದು ನಾನು ಎರಡು ಸಲ ಬರೆದೆ. ಒಂದೂ ಅಕ್ಕನ ಕೈ ಸೇರಿಲ್ಲ. ಕೊಯ್ಲು ಮುಗಿದ ಮೇಲೆ ಅವಳು ರೊಟ್ಟಿ ಒಣಗಿಸಿಕೊಂಡು ಒಬ್ಬಳೇ ಹೊರಟಳು. ಭಾವನಿಗೂ ಹೇಳಲಿಲ್ಲ. ನನ್ನ ಪಟ್ಟಿಯನ್ನು ಇನ್ನೊಂದು ತುದಿಯಿಂದ ಹಿಡಿದು, ಬಾವಿಯಿಂದ ಬಾವಿಗೆ ನಡೆದು ವೋಲ್ಗಾದ ದಂಡೆಗೆ ಬಂದಳು. ಎದುರಿಗೆ ಸರಟೋವ್ ಕಾಣುತ್ತಿತ್ತು. ಊರು ಬಿಡಲು ಅನುಮತಿ ಕೊಡುವ ರಹದಾರಿ ಚೀಟಿ ಇಲ್ಲದವರನ್ನು ದೋಣಿಯವರು ಹತ್ತಿಸಿಕೊಳ್ಳುವುದಿಲ್ಲ. ನದಿ ಹೆಪ್ಪುಗಟ್ಟಲಿ, ನಡೆದೇ ದಾಟುತ್ತೇನೆ ಎಂದು ದಂಡೆಯ ಮೀನುಗಾರರ ಗುಡಿಸಿಲಿನಲ್ಲಿ ಬಲೆ ಹೆಣೆದುಕೊಡುತ್ತ ಕಾದಳು. ಈ ಸಲ ಹಿಮ ತಡವಾಯಿತು. ಯಾರೋ ಪೊಲೀಸರಿಗೆ ಸುಳಿವು ಕೊಟ್ಟರು. ಹಿಡಿದರು.

ರವಿಕೆಯಲ್ಲಿ ಪಟ್ಟಿ ಸಿಕ್ಕಿತು. ಓದು ಬಾರದವಳ ಹತ್ತಿರ ಅಂಥ ನಕ್ಷೆ! ಅದು ತಂಬೋವಿಗೆ ಬಂತು, ನನ್ನ ಮೇಲಧಿಕಾರಿಯ ಮೇಜಿಗೆ. ಅವರು ಕೆಟ್ಟವರಲ್ಲ. ಬಾಗಿಲು ಹಾಕಿ, “ನೋಡಿ ನಿಕಾನೋರ್ ಪ್ರೊಕೋಫಿಚ್, ಇದನ್ನ ಯಾರೋ ನಿಮ್ಮ ಮೇಜಿಂದ ಕದ್ದಿರಬೇಕು. ಹೌದು ಅನ್ನಿ, ಹಾಗೇ ಬರ್ಕೊಂಡುಬಿಡ್ತೀನಿ” ಎಂದರು.

ಪಟ್ಟಿ ಮುಂದೆಯೇ ಇತ್ತು. ಬೆವರಿಗೂ ಮಳೆಗೂ ಬಣ್ಣ ಹರಡಿತ್ತು. ಪ್ರತಿ ಬಾವಿಯ ಪಕ್ಕದಲ್ಲಿ ಇದ್ದಿಲಿನ ಚುಕ್ಕೆ. ವೋಲ್ಗಾದ ಆಚೆಯವಕ್ಕೆ ಎರಡೆರಡು: ಹೋಗುವಾಗ ಒಂದು, ಬರುವಾಗ ಒಂದು.

“ಅಕ್ಕನಿಗೆ ನಾನೇ ಬರೆದುಕೊಟ್ಟದ್ದು” ಎಂದೆ.

“ಯೋಚನೆ ಮಾಡ್ರಿ.”

“ಮಾಡಿದೀನಿ ಸ್ವಾಮಿ. ಕದ್ದದ್ದು ಅಂದ್ರೆ ಅವಳು ಕಳ್ಳಿ ಆಗ್ತಾಳೆ.”

ಕೆಲಸ ಹೋಯಿತು. ಇನ್ನು ನಾನು ಎಲ್ಲಿಯೂ ಮೋಜಣಿ ಮಾಡುವ ಹಾಗಿಲ್ಲ. ಇಲ್ಲಿ ಹಗ್ಗದ ವ್ಯಾಪಾರಿಗಳ ಅಂಗಡಿಗೆ ಹೆಸರಿನ ಹಲಗೆ ಬರೆಯುತ್ತೇನೆ. ನನ್ನ ಚಿಂತೆ ಬೇಡ.

ಅಕ್ಕನಿಗೆ ಏನು ಶಿಕ್ಷೆಯಾಯಿತು ಎಂಬುದನ್ನು ನಾನು ಬರೆಯುವುದಿಲ್ಲ, ನೀನು ಕೇಳಬೇಡ. ಕೈದಿಗಳ ಜೊತೆ ಸೇರಿಸಿ, ಹಿಮದಲ್ಲಿ ನಡೆಸಿಕೊಂಡೇ ವಾಪಸ್ ಕಳಿಸಿದರಂತೆ. ಹಿಡಿದವರಲ್ಲಿ ಒಬ್ಬ ಸರಟೋವಿನ ಪೊಲೀಸಿನವನು ನನ್ನ ಅಧಿಕಾರಿಗೆ ಹೇಳಿದ್ದು: ದಾರಿಯುದ್ದಕ್ಕೂ ಆಕೆ ತಪ್ಪಾಯಿತು ಎನ್ನಲಿಲ್ಲ, ಬಿಡಿ ಎನ್ನಲಿಲ್ಲ. ಎದುರಾದವರನ್ನೆಲ್ಲ ಒಂದೇ ಮಾತು ಕೇಳುತ್ತಿದ್ದಳಂತೆ. ಅದೇನೆಂದು ನಿನಗೆ ಗೊತ್ತು.

ನಿನ್ನ ಮಾವ,
ನಿಕಾನೋರ್


ವ್ಯಾಜೊವ್ಕಾ
ಅಕ್ಟೋಬರ್ 21, 1862

ಪೂಜ್ಯ ಮಾವನವರಿಗೆ ದುನ್ಯಾ ಮಾಡುವ ನಮಸ್ಕಾರಗಳು.

ಯೆವ್ಲಾಂಪಿ ಅಜ್ಜ ತೀರಿಕೊಂಡ ಮೇಲೆ ನಮಗೆ ಕಾಗದ ಬರೆದುಕೊಡುವವರು ಇರಲಿಲ್ಲ. ಈಗ ಹೊಸ ಪಾದ್ರಿಯ ಹೆಂಡತಿ ಬರೆಯುತ್ತಿದ್ದಾರೆ. ಒಳ್ಳೆಯವರು. ನಡುನಡುವೆ ಲೇಖನಿ ಕೆಳಗಿಟ್ಟು ಕಣ್ಣು ಒರೆಸಿಕೊಳ್ಳುತ್ತಾರೆ.

ಜೀತ ಹೋಯಿತೆಂದು ಚರ್ಚಿನಲ್ಲಿ ಓದಿದ ದಿನ ನನ್ನ ಗಂಡ ಕೇಳಿದ, “ಈಗ ನಾವು ಮೊದಲು ಏನ್ ಮಾಡೋಣ?” ನಾನು ಹೇಳಿದೆ, “ಅಮ್ಮನ ಹತ್ರ ಹೋಗೋಣ.” ಆದರೂ ರಹದಾರಿ ಸಿಗಲು ಮರುವರ್ಷದ ಬೇಸಿಗೆಯೇ ಬಂತು. ತೀಖೋನ್ ಹೊಲ ಬಿಟ್ಟು ಬರುವ ಹಾಗಿರಲಿಲ್ಲ. ನಾನೂ ಪೆಲಗೇಯಾಳೂ ಒಬ್ಬರ ಬಂಡಿಯಲ್ಲಿ ಸ್ವಲ್ಪ, ನಡೆದು ಸ್ವಲ್ಪ, ಹಾಗೆ ಹೋದೆವು. ವೋಲ್ಗಾದಲ್ಲಿ ದೋಣಿಯವನಿಗೆ ರಹದಾರಿ ತೋರಿಸಿದೆ. ಅವನು ನೋಡಲೂ ಇಲ್ಲ, ಹತ್ತಮ್ಮಾ ಎಂದ. ನಾನು ದಡದಲ್ಲೇ ನಿಂತುಬಿಟ್ಟೆ. ಪೆಲಗೇಯಾ ಕೈಹಿಡಿದು ಎಳೆದಳು.

ಅಪ್ಪ ಇದ್ದಾನೆ. ಬಹಳ ಸಣ್ಣಗಾಗಿದ್ದಾನೆ. ನನ್ನನ್ನು ನೋಡಿ ಕೈಯಲ್ಲಿದ್ದ ಬಕೆಟ್ಟು ಇಳಿಸುವುದನ್ನೂ ಮರೆತು ನಿಂತ. ಅಮ್ಮ ಎಲ್ಲಿ ಎಂದೆ. “ಇದ್ದಾಳೆ. ಆದ್ರೆ ಮಗಳೇ, ಒಂದ್ನಿಮಿಷ ಇಲ್ಲಿ ಕೂತ್ಕೋ” ಎಂದ.

ಆ ಚಳಿಗಾಲ ನಡೆಸಿಕೊಂಡು ತಂದ ಮೇಲೆ ಅಮ್ಮನಿಗೆ ಜ್ವರ ಬಂತಂತೆ. ವಸಂತದಲ್ಲಿ ಎದ್ದು ಕೂತಳು, ಉಂಡಳು, ಕೆಲಸ ಮಾಡಿದಳು. ಅವಳ ಪಾಲಿಗೆ ಅದೇ ವರ್ಷ ನಡೆಯುತ್ತಿತ್ತು. ಇವತ್ತಿಗೂ ಅದೇ ನಡೆಯುತ್ತಿದೆ.

ರಸ್ತೆ ಪಕ್ಕದ ದಿಬ್ಬದ ಮೇಲೆ ಉಣ್ಣೆ ನೂಲುತ್ತ ಕೂತಿದ್ದಳು. ಕೂದಲು ಪೂರ್ತಿ ಬೆಳ್ಳಗೆ. ಮುಖ ಅದೇ. ನಾನು ಓಡಿಹೋಗಿ ಮುಂದೆ ನಿಂತೆ. ಅವಳು ನನ್ನ ಕಾಲಿನ ಧೂಳು ನೋಡಿದಳು.

“ದೂರದಿಂದ ಬಂದ್ರಾ ತಾಯಿ?”

“ವ್ಯಾಜೊವ್ಕಾದಿಂದ” ಎಂದೆ.

ಕದಿರು ಕೆಳಗೆ ಹಾಕಿ ಎದ್ದಳು, ನನ್ನ ಎರಡೂ ಕೈ ಹಿಡಿದಳು. “ಹಂಗಾದ್ರೆ ನಮ್ಮ ದುನ್ಯಾ ಗೊತ್ತಿರ್ಬೇಕು. ಚಕ್ರದ ಜಖಾರನ ಮಗಳು. ತೀಖೋನನ ಹೆಂಡ್ತಿ. ಹೆರಿಗೆ ಆಯ್ತಾ?”

ಅಮ್ಮಾ ನಾನೇ ಎಂದೆ, ಮಾವ. ಎಷ್ಟೋ ಸಲ ಹೇಳಿದೆ. ಅವಳು ನನ್ನ ಮುಖವನ್ನು ಸವರಿ, ಪಾಪ, ದಾರಿ ನಡೆದು ದಣಿದಿದ್ದೀಯ ಎಂದಳು. ನೀರು ತಂದುಕೊಟ್ಟಳು. ಮತ್ತೆ ಕೇಳಿದಳು. ಆಗ ನಾನು, “ಆಯ್ತಮ್ಮ, ಹೆಣ್ಣು ಮಗು” ಎಂದೆ.

“ದುನ್ಯಾ ಉಳಿದ್ಲಾ?”

“ಉಳಿದ್ಲು. ಚೆನ್ನಾಗಿದ್ದಾಳೆ.”

ಅವಳು ಶಿಲುಬೆಯ ಗುರುತು ಮಾಡಿಕೊಂಡು ನೆಲಕ್ಕೆ ಕೂತು ಅತ್ತಳು. ವ್ಯಾಜೊವ್ಕಾ ಬಿಟ್ಟು ಹೊರಟ ದಿನ ಅವಳು ಅತ್ತಿರಲಿಲ್ಲವಲ್ಲ, ಅದೆಲ್ಲ ಈಗ ಅತ್ತ ಹಾಗಿತ್ತು. ಆಮೇಲೆ ಪೆಲಗೇಯಾಳನ್ನು ಕರೆದು ರೊಟ್ಟಿ ಮುರಿದು ಕೊಟ್ಟಳು. “ಯಾರ ಮಗು ಇದು, ಇಷ್ಟು ಮುದ್ದಾಗಿದೆ?” ಎಂದಳು. ಹುಡುಗಿ ನನ್ನ ಮುಖ ನೋಡಿದಳು. ದುನ್ಯಾಳ ಮಗಳು ಎಂದೆ. ಅಮ್ಮ ನಕ್ಕುಬಿಟ್ಟಳು. “ನಿನ್ನ ಹೆಸರೂ ದುನ್ಯಾನಾ? ಒಳ್ಳೇ ಹೆಸರು.”

ಕೊಯ್ಲಿನವರೆಗೂ ಇದ್ದೆ. ಪ್ರತಿದಿನ ಬೆಳಿಗ್ಗೆ ಅವಳು ಕೇಳುತ್ತಿದ್ದಳು. ಪ್ರತಿದಿನ ನಾನು ಹೇಳುತ್ತಿದ್ದೆ. ಪ್ರತಿದಿನ ಅವಳಿಗೆ ಹೊಸದಾಗಿ ಮೊಮ್ಮಗಳು ಹುಟ್ಟುತ್ತಿದ್ದಳು. “ಒಂಬತ್ತು ವರ್ಷದಿಂದ ಯಾರೂ ಅವಳಿಗೆ ಉತ್ತರ ಕೊಟ್ಟಿರಲಿಲ್ಲ. ನಾನು ಹೇಳಿದ್ರೆ ನಂಬ್ತಿರಲಿಲ್ಲ, ಆ ಕಡೆಯಿಂದ ಬಂದೋರು ಹೇಳ್ಬೇಕು ಅಂತಿದ್ಲು” ಎಂದ ಅಪ್ಪ. ಊರಿಗೆ ಕರೆತರಲು ಬಂಡಿ ಗೊತ್ತುಮಾಡಿದೆವು. ಅವಳು ಹತ್ತಲಿಲ್ಲ. ಚಕ್ರ ಕಂಡರೆ ಸಾಕು, ನಡುಗಿ ಒಳಗೆ ಓಡುತ್ತಾಳೆ. ಎರಡು ಸಲ ಪ್ರಯತ್ನ ಮಾಡಿ, ಬಿಟ್ಟೆವು. ಅಪ್ಪ ಅವಳನ್ನು ಬಿಟ್ಟು ಬರುವವನಲ್ಲ.

ಹೊರಡುವ ದಿನ ಪೆಲಗೇಯಾಳ ಜೊತೆ ದಿಬ್ಬಕ್ಕೆ ಹೋದೆ. “ನಾನು ವ್ಯಾಜೊವ್ಕಾಕ್ಕೆ ಹೋಗ್ತಿದೀನಿ. ದುನ್ಯಾಗೆ ಏನು ಹೇಳಲಿ?” ಎಂದು ಕೇಳಿದೆ.

ನೂಲುವುದನ್ನು ಬಿಟ್ಟು ಕದಿರನ್ನು ಮಡಿಲಲ್ಲಿ ಇಟ್ಟುಕೊಂಡಳು.

“ಇನ್ನು ನನ್ನನ್ನ ಕಾಯಬೇಡ ಅಂತ ಹೇಳು” ಎಂದಳು. “ಹೆರಿಗೆ ಆಗಿದೆಯಲ್ಲ. ಈಗ ನಾನು ಇಲ್ದಿದ್ರೂ ಆಗುತ್ತೆ.”

ಹೇಳುತ್ತೇನೆ ಎಂದು ಬಂದೆ.

ನಿಮ್ಮ ಸೊಸೆ,
ದುನ್ಯಾ